ಗಿಡದೊಳಗೆ ರೋಗ ತಡೆಯುವ ರಾಸಾಯನಿಕವಿದ್ದರೂ ಗಿಡಕ್ಕೆ ರೋಗ ಬರುವುದೇಕೆ?

ಚಿಗುರೆಲೆ:

ಎಲ್ಲರಿಗೂ ನಮಸ್ಕಾರ. ಸಸ್ಯಗಳು ರೋಗದಿಂದ ತಮ್ಮನ್ನು ಕಾಪಾಡಿಕೊಳ್ಳಲು ತಯಾರಿಸುವ ರಾಸಾಯನಿಕಗಳ ಬಗ್ಗೆ ಪದವಿ ತರಗತಿಗೆ ಪಾಠ ಸಿದ್ಧಪಡಿಸುತ್ತಿದ್ದೇನೆ. ಓದುತ್ತಾ ಹೋದಂತೆ ಒಂದು ಪ್ರಶ್ನೆ ಬಲವಾಗುತ್ತಲೇ ಇದೆ. ಇಂಥ ಗಿಡದ ಎಲೆಯಲ್ಲೋ ಬೇರಿನಲ್ಲೋ ಶಿಲೀಂಧ್ರವನ್ನು ಕೊಲ್ಲುವ ಇಂಥ ಅಂಶವಿದೆ, ಆದ್ದರಿಂದ ಅದಕ್ಕೆ ರೋಗ ತಗಲುವುದಿಲ್ಲ ಎಂಬ ಮಾತು ಲೇಖನಗಳಲ್ಲಿ ಮತ್ತೆ ಮತ್ತೆ ಕಾಣುತ್ತದೆ. ಆದರೆ ಹುಡುಕಿದರೆ ಬಹುತೇಕ ಎಲ್ಲ ಗಿಡಗಳಲ್ಲೂ ಅಂಥ ಒಂದಲ್ಲ ಒಂದು ಅಂಶ ಸಿಗುತ್ತದೆ. ಹಾಗೆಯೇ ಬಹುತೇಕ ಎಲ್ಲ ಗಿಡಗಳಿಗೂ ಯಾವುದಾದರೊಂದು ರೋಗ ಬಂದೇ ಬರುತ್ತದೆ. ಇವೆರಡನ್ನೂ ಒಟ್ಟಿಗೆ ಹೇಗೆ ಅರ್ಥ ಮಾಡಿಕೊಳ್ಳಬೇಕು?

ಈ ರಾಸಾಯನಿಕಗಳು ಗಿಡದಲ್ಲಿ ಸದಾ ಇರುತ್ತವೆಯೇ, ಇಲ್ಲವೇ ರೋಗಾಣು ಬಂದ ಮೇಲೆ ಹುಟ್ಟುತ್ತವೆಯೇ? ಗಿಡವನ್ನು ಕಾಪಾಡಿದ್ದು ಆ ರಾಸಾಯನಿಕವೇ ಎಂದು ಯಾರಾದರೂ ನಿಜವಾಗಿ ತೋರಿಸಿದ್ದಾರೆಯೇ? ವಿದ್ಯಾರ್ಥಿಗಳ ಮುಂದೆ ಬರೀ ಹೆಸರುಗಳ ಪಟ್ಟಿ ಇಡಲು ನನಗೆ ಮನಸ್ಸಿಲ್ಲ. ತಿಳಿದವರು ವಿವರವಾಗಿ ಬರೆದರೆ ಉಪಕಾರವಾಗುತ್ತದೆ.

ಬೇರುಮೂಲ:

ಚಿಗುರೆಲೆ ಅವರೇ, ಪ್ರಶ್ನೆಯನ್ನು ಸರಿಯಾದ ಜಾಗದಲ್ಲೇ ಹಿಡಿದಿದ್ದೀರಿ. ಸಸ್ಯರೋಗಶಾಸ್ತ್ರ ಓದಿದವನಾಗಿ ನನ್ನ ಅಭಿಪ್ರಾಯವನ್ನು ಮೊದಲೇ ಹೇಳಿಬಿಡುತ್ತೇನೆ. ಗಿಡದಲ್ಲಿ ರಾಸಾಯನಿಕ ಇದೆ ಎಂಬ ಒಂದೇ ಸಂಗತಿಯಿಂದ ರೋಗನಿರೋಧದ ಬಗ್ಗೆ ಏನನ್ನೂ ತೀರ್ಮಾನಿಸಲಾಗದು. ಅದು ಯಾವ ಜೀವಕೋಶದಲ್ಲಿದೆ, ರೋಗಾಣು ಒಳನುಗ್ಗುವ ಹೊತ್ತಿಗೆ ಎಷ್ಟು ಪ್ರಮಾಣಕ್ಕೆ ಏರಿದೆ, ಎದುರಿಗಿರುವ ರೋಗಾಣುವಿಗೆ ಅದನ್ನು ಒಡೆದುಹಾಕಲು ಬರುತ್ತದೆಯೇ ಎಂಬ ಮೂರೂ ಗೊತ್ತಾದ ಮೇಲೆಯೇ ಮಾತನಾಡಲು ಸಾಧ್ಯ.

ಸದಾ ಇರುತ್ತವೆಯೇ ಎಂಬ ನಿಮ್ಮ ಪ್ರಶ್ನೆಗೆ ಉತ್ತರ, ಎರಡು ಬಗೆಯೂ ಉಂಟು. ಸೋಂಕಿಗೆ ಮೊದಲೇ ಅಂಗಾಂಶದಲ್ಲಿ ಸಿದ್ಧವಾಗಿರುವವನ್ನು ಫೈಟೊಆಂಟಿಸಿಪಿನ್ ಎನ್ನುತ್ತಾರೆ. ಸೋಂಕು ತಗಲಿದ ನಂತರ ಹೊಸದಾಗಿ ತಯಾರಾಗುವವು ಫೈಟೊಅಲೆಕ್ಸಿನ್‌ಗಳು. ಒಂದೇ ಅಣು ಒಂದು ಗಿಡದಲ್ಲಿ ಮೊದಲ ಬಗೆಗೂ ಇನ್ನೊಂದು ಗಿಡದಲ್ಲಿ ಎರಡನೆಯ ಬಗೆಗೂ ಸೇರಬಹುದು. ಆದ್ದರಿಂದ ಈ ವಿಂಗಡಣೆಗೆ ಅಣುವಿನ ರಚನೆ ಆಧಾರವಲ್ಲ, ಅದು ಹುಟ್ಟುವ ಸಮಯ ಆಧಾರ. ವಿದ್ಯಾರ್ಥಿಗಳು ಇಲ್ಲಿ ಎಡವುವುದನ್ನು ಬಹಳ ಸಲ ನೋಡಿದ್ದೇನೆ.

ಮೊದಲ ಬಗೆಗೆ ಹಳೆಯ ಮತ್ತು ಸೊಗಸಾದ ಉದಾಹರಣೆ ಈರುಳ್ಳಿಯದು. ಕೊಲೆಟೊಟ್ರೈಕಮ್ ಸರ್ಸಿನಾನ್ಸ್ ಎಂಬ ಶಿಲೀಂಧ್ರ ಬಿಳಿ ಈರುಳ್ಳಿಯ ಮೇಲೆ ಕಪ್ಪು ಮಸಿಯಂಥ ಮಚ್ಚೆ ಹಾಕುತ್ತದೆ. ಕೆಂಪು, ಹಳದಿ ಸಿಪ್ಪೆಯ ಗಡ್ಡೆಗಳಿಗೆ ಅದರ ಬಾಧೆ ಕಡಿಮೆ. ಬಣ್ಣದ ಗಡ್ಡೆಯ ಒಣಗಿದ ಹೊರಸಿಪ್ಪೆಯಲ್ಲಿ ನೀರಿಗೆ ಬಿಟ್ಟುಕೊಳ್ಳುವ ಪ್ರೋಟೊಕೆಟೆಕ್ಯುಯಿಕ್ ಆಮ್ಲ ಇರುವುದನ್ನು ಲಿಂಕ್, ವಾಕರ್ ಮತ್ತು ಸಂಗಡಿಗರು 1929ರಲ್ಲಿ ಪ್ರಕಟಿಸಿದರು. ಅದರ ಜೊತೆಗೆ ಕೆಟೆಕಾಲ್ ಕೂಡ ಇರುವುದು ನಂತರ ತಿಳಿಯಿತು. ಸಿಪ್ಪೆಯ ಮೇಲೆ ಕುಳಿತ ನೀರಿನ ಹನಿಗೆ ಇವು ಇಳಿದು, ಆ ಹನಿಯೊಳಗಿನ ಬೀಜಾಣು ಮೊಳೆಯದಂತೆ ತಡೆಯುತ್ತವೆ. ಆದರೆ ಅದೇ ಕೆಂಪು ಗಡ್ಡೆಯ ಒಣ ಸಿಪ್ಪೆಯನ್ನು ಸುಲಿದು ಒಳಗಿನ ರಸಭರಿತ ಪದರದ ಮೇಲೆ ಶಿಲೀಂಧ್ರವನ್ನು ಬಿಟ್ಟರೆ ಅಲ್ಲಿ ರೋಗ ಸಲೀಸಾಗಿ ಹರಡುತ್ತದೆ. ಅಂದರೆ ಕೆಂಪು ಈರುಳ್ಳಿಗೆ ನಿರೋಧಶಕ್ತಿ ಇದೆ ಎಂಬ ಮಾತಿನಲ್ಲೂ ಪೂರ್ಣ ಸತ್ಯವಿಲ್ಲ. ಅದರ ಹೊರಸಿಪ್ಪೆಗೆ ಮಾತ್ರ ಆ ಗುಣವಿದೆ.

ಎರಡನೆಯ ಬಗೆಯ ಕಥೆ ಆಲೂಗಡ್ಡೆಯಿಂದ ಶುರುವಾಗುತ್ತದೆ. ಜರ್ಮನಿಯ ಕಾರ್ಲ್ ಮ್ಯುಲರ್ ಮತ್ತು ಹರ್ಮನ್ ಬೋರ್ಗರ್ ಅಂಗಮಾರಿ ರೋಗ ತರುವ ಫೈಟಾಫ್ಥೊರ ಇನ್‌ಫೆಸ್ಟನ್ಸ್‌ನ ಎರಡು ಬಗೆಗಳನ್ನು ತೆಗೆದುಕೊಂಡರು. ಒಂದಕ್ಕೆ ಆ ಆಲೂಗಡ್ಡೆ ತಳಿಯಲ್ಲಿ ರೋಗ ಉಂಟುಮಾಡುವ ಸಾಮರ್ಥ್ಯವಿಲ್ಲ, ಇನ್ನೊಂದಕ್ಕೆ ಇದೆ. ಕತ್ತರಿಸಿದ ಗಡ್ಡೆಯ ಮೇಲೆ ಮೊದಲು ದುರ್ಬಲ ಬಗೆಯನ್ನು ಹಚ್ಚಿ, ಸ್ವಲ್ಪ ಕಾಲ ಬಿಟ್ಟು ಅದೇ ಜಾಗಕ್ಕೆ ಪ್ರಬಲ ಬಗೆಯನ್ನು ಹಚ್ಚಿದಾಗ ಪ್ರಬಲವಾದದ್ದೂ ಬೆಳೆಯಲಿಲ್ಲ. ಮೊದಲೇ ಹಚ್ಚಿರದ ಪಕ್ಕದ ಭಾಗದಲ್ಲಿ ಅದು ಎಂದಿನಂತೆ ಬೆಳೆಯಿತು. ಮೊದಲ ಸೋಂಕಿಗೆ ಉತ್ತರವಾಗಿ ಆ ಜಾಗದ ಜೀವಕೋಶಗಳು ಯಾವುದೋ ಪ್ರತಿಬಂಧಕ ವಸ್ತುವನ್ನು ತಯಾರಿಸುತ್ತವೆ ಎಂದು 1940ರಲ್ಲಿ ಅವರು ತರ್ಕಿಸಿದರು. ವಸ್ತು ಕೈಗೆ ಸಿಗುವ ಮೊದಲೇ ಅದರ ಗುಣಗಳನ್ನು ಹೀಗೆ ಪ್ರಯೋಗದಿಂದ ಗುರುತಿಸಿದ್ದು ನನಗೆ ಇಂದಿಗೂ ಬೆರಗು ಹುಟ್ಟಿಸುತ್ತದೆ.

ಆ ಕಲ್ಪನೆಗೆ ಒಂದು ನಿಜವಾದ ಅಣು ಸಿಕ್ಕಿದ್ದು ಇಪ್ಪತ್ತು ವರ್ಷಗಳ ನಂತರ, ಬಟಾಣಿಯಲ್ಲಿ. ಆಸ್ಟ್ರೇಲಿಯದ ಕ್ರೂಕ್‌ಶ್ಯಾಂಕ್ ಮತ್ತು ಪೆರಿನ್ 1960ರಲ್ಲಿ ಪಿಸಾಟಿನ್ ಅನ್ನು ಬೇರ್ಪಡಿಸಿದರು. ಬಟಾಣಿ ಕಾಯನ್ನು ಬಿಡಿಸಿ, ಕಾಳು ತೆಗೆದು, ಕಾಳು ಕುಳಿತಿದ್ದ ಗುಳಿಗಳಿಗೆ ಮೊನಿಲಿನಿಯ ಫ್ರಕ್ಟಿಕೋಲ ಎಂಬ ಶಿಲೀಂಧ್ರದ ಬೀಜಾಣುಗಳಿದ್ದ ನೀರಿನ ಹನಿಗಳನ್ನು ಬಿಡುತ್ತಿದ್ದರು. ಆ ಶಿಲೀಂಧ್ರ ಹಣ್ಣಿನ ಮರಗಳದು, ಬಟಾಣಿಗೆ ರೋಗ ತರುವಂಥದ್ದಲ್ಲ. ಕೆಲವು ಗಂಟೆಗಳ ನಂತರ ಹನಿಗಳನ್ನು ಹೀರಿ ತೆಗೆದು ನೋಡಿದರೆ ಕಾಯಿಯ ಜೀವಕೋಶಗಳು ಆ ಹನಿಯೊಳಗೆ ಪಿಸಾಟಿನ್ ಬಿಟ್ಟಿರುತ್ತಿದ್ದವು. ಬರೀ ನೀರಿನ ಹನಿ ಇಟ್ಟ ಕಾಯಿಯಲ್ಲಿ ಅದು ಹಾಗೆ ಸಿಗುತ್ತಿರಲಿಲ್ಲ.

ಕೋಶದರ್ಶಿ:

ಬೇರುಮೂಲ ಅವರು 'ಯಾವ ಜೀವಕೋಶದಲ್ಲಿ' ಎಂದದ್ದಕ್ಕೆ ಕಣ್ಣಿಗೆ ಕಾಣುವ ಉದಾಹರಣೆಯೊಂದನ್ನು ಸೇರಿಸುತ್ತೇನೆ. ಸೂಕ್ಷ್ಮದರ್ಶಕದ ಕೆಲಸ ಮಾಡುವವಳಾದ್ದರಿಂದ ನನಗೆ ಇದರ ಮೇಲೆ ವಿಶೇಷ ಪ್ರೀತಿ.

ಜೋಳದ ಎಳೆಯ ಎಲೆಯ ಮೇಲೆ ಚಿಬ್ಬು ರೋಗದ ಶಿಲೀಂಧ್ರದ ಬೀಜಾಣು ಬಿದ್ದು ಮೊಳೆತಾಗ, ಎಲೆಯ ಮೇಲ್ಮೈಗೆ ಅಂಟಿಕೊಂಡು ಒಳಕ್ಕೆ ಕೊರೆಯಲು ಒಂದು ಗಟ್ಟಿ ಗುಬುಟಿನಂಥ ಅಂಗವನ್ನು ಕಟ್ಟಿಕೊಳ್ಳುತ್ತದೆ. ಅದರ ನೇರ ಕೆಳಗಿರುವ ಒಂದೇ ಒಂದು ಹೊರಪದರದ ಜೀವಕೋಶವನ್ನು ಗಮನಿಸಬೇಕು. ಮೊದಲು ಅದರೊಳಗೆ ಬಣ್ಣವಿಲ್ಲದ ಸಣ್ಣ ಗುಳ್ಳೆಗಳು ಕಾಣಿಸಿಕೊಳ್ಳುತ್ತವೆ. ಅವು ಕೋಶದೊಳಗೆ ಸರಿಯುತ್ತಾ ಶಿಲೀಂಧ್ರ ಕೊರೆಯುತ್ತಿರುವ ಬಿಂದುವಿನತ್ತ ಹೋಗಿ ಗುಂಪುಗೂಡುತ್ತವೆ, ಒಂದರೊಳಗೊಂದು ಬೆರೆತು ದೊಡ್ಡದಾಗುತ್ತವೆ, ಕಿತ್ತಳೆಗೆಂಪು ಬಣ್ಣಕ್ಕೆ ತಿರುಗುತ್ತವೆ. ಕೊನೆಗೆ ಒಡೆದು ಒಳಗಿದ್ದುದನ್ನೆಲ್ಲ ಸುರಿಯುತ್ತವೆ. ಆ ಕೋಶವೂ ಸಾಯುತ್ತದೆ, ಒಳಗೆ ಕಾಲಿಟ್ಟ ಶಿಲೀಂಧ್ರದ ಎಳೆಯೂ ಸಾಯುತ್ತದೆ. ಗುಳ್ಳೆಯೊಳಗಿನ ಬಣ್ಣದ ವಸ್ತುಗಳು ಅಪಿಜೆನಿನಿಡಿನ್, ಲ್ಯೂಟಿಯೊಲಿನಿಡಿನ್ ಮೊದಲಾದ ಡಿಆಕ್ಸಿಆಂಥೊಸಯನಿಡಿನ್‌ಗಳು. ಸ್ನೈಡರ್ ಮತ್ತು ನಿಕೊಲ್ಸನ್ ಇದನ್ನು 1990ರಲ್ಲಿ ವಿವರಿಸಿದರು.

ಇದರಿಂದ ಒಂದು ಮುಖ್ಯ ವಿಷಯ ಹೊರಡುತ್ತದೆ. ಇಡೀ ಎಲೆಯನ್ನು ಅರೆದು, ರಸ ತೆಗೆದು, ಒಂದು ಗ್ರಾಂ ಎಲೆಯಲ್ಲಿ ಇಷ್ಟು ಫೈಟೊಅಲೆಕ್ಸಿನ್ ಇದೆ ಎಂದು ಅಳೆದರೆ ಬರುವುದು ಸರಾಸರಿ. ರೋಗಾಣು ಎದುರಿಸುವುದು ಆ ಸರಾಸರಿಯನ್ನಲ್ಲ; ತಾನು ಹೊಕ್ಕ ಒಂದು ಕೋಶದೊಳಗಿನ ಸಾಂದ್ರತೆಯನ್ನು. ಸರಾಸರಿ ತೀರಾ ಕಡಿಮೆ ಬಂದಿತೆಂದು ಆ ರಾಸಾಯನಿಕಕ್ಕೆ ಪಾತ್ರವೇ ಇಲ್ಲ ಎನ್ನುವುದು, ಸರಾಸರಿ ಹೆಚ್ಚು ಬಂದಿತೆಂದು ಗಿಡ ಸುರಕ್ಷಿತ ಎನ್ನುವುದು, ಎರಡೂ ಅವಸರದ ಮಾತುಗಳು.

ಚಿಗುರೆಲೆ:

ಇಬ್ಬರಿಗೂ ಧನ್ಯವಾದ. ಜೋಳದ ಕೋಶ ತಾನೂ ಸಾಯುತ್ತದೆ ಎಂದದ್ದು ಮುಂದಿನ ಪ್ರಶ್ನೆಗೆ ದಾರಿ ಮಾಡಿತು. ಶಿಲೀಂಧ್ರದ ಕೋಶವನ್ನು ಕೊಲ್ಲುವ ವಸ್ತು ಗಿಡದ ಕೋಶವನ್ನೂ ಕೊಲ್ಲಬಹುದಲ್ಲವೇ? ಹಾಗಿರುವಾಗ ಅದನ್ನು ಜೀವಮಾನವಿಡೀ ಒಡಲಲ್ಲಿ ಇಟ್ಟುಕೊಂಡು ಗಿಡ ಬದುಕುವುದು ಹೇಗೆ? ಮತ್ತು ರೋಗಾಣು ಇವನ್ನು ಗೆಲ್ಲುವುದಾದರೆ ಯಾವ ಬಗೆಯಲ್ಲಿ?

ರಸಾಯನಿ:

ಮೊದಲ ಅರ್ಧಕ್ಕೆ ನಾನು ಉತ್ತರಿಸುತ್ತೇನೆ. ಗಿಡಗಳು ಅನುಸರಿಸುವ ಸಾಮಾನ್ಯ ಉಪಾಯವೆಂದರೆ ವಿಷವನ್ನು ವಿಷವಲ್ಲದ ರೂಪದಲ್ಲಿ ಇಟ್ಟುಕೊಳ್ಳುವುದು. ಅಣುವಿಗೆ ಒಂದು ಸಕ್ಕರೆಯ ಘಟಕ ಜೋಡಿಸಿದರೆ ಅದು ನೀರಿನಲ್ಲಿ ಕರಗಿ, ಕೋಶದ ರಸದಾನಿಯಲ್ಲಿ ತೊಂದರೆ ಕೊಡದೆ ಕೂರುತ್ತದೆ. ಆ ಸಕ್ಕರೆಯನ್ನು ಕಿತ್ತುಹಾಕುವ ಕಿಣ್ವವನ್ನು ಬೇರೆ ಕಡೆ ಇಡಲಾಗಿರುತ್ತದೆ. ಸಾಸಿವೆಯಲ್ಲಿ ಗ್ಲೂಕೊಸಿನೊಲೇಟ್‌ಗಳು ಒಂದೆಡೆ, ಮೈರೊಸಿನೇಸ್ ಕಿಣ್ವ ಇನ್ನೊಂದೆಡೆ ಇರುತ್ತವೆ. ಬೆಂಕಿಕಡ್ಡಿಯೂ ಗೀರುವ ಪಟ್ಟಿಯೂ ಒಂದೇ ಪೊಟ್ಟಣದಲ್ಲಿದ್ದರೂ ತಾಗದೆ ಇರುವ ಹಾಗೆ. ಅಂಗಾಂಶ ಹರಿದಾಗ ಎರಡೂ ಬೆರೆತು ಖಾರವಾದ ಐಸೊಥಯೊಸಯನೇಟ್‌ಗಳು ಹುಟ್ಟುತ್ತವೆ. ಸಾಸಿವೆ ಅರೆದಾಗ ಮೂಗಿಗೆ ಏರುವ ಘಾಟು ಅದೇ. ಬೆಳ್ಳುಳ್ಳಿಯ ಎಸಳಿನಲ್ಲಿಯೂ ಅಲಿಯಿನ್ ಮತ್ತು ಅಲಿಯಿನೇಸ್ ಹೀಗೆಯೇ ದೂರ ಇದ್ದು, ಜಜ್ಜಿದ ಕೂಡಲೇ ಅಲಿಸಿನ್ ಆಗುತ್ತದೆ. ಜಜ್ಜದ ಎಸಳಿಗೆ ಆ ಕಟುವಾಸನೆ ಇಲ್ಲದಿರುವುದಕ್ಕೆ ಕಾರಣ ಇಷ್ಟೇ.

ಇದರಲ್ಲಿ ಒಂದು ಮಿತಿಯೂ ಇದೆ. ಈ ವ್ಯವಸ್ಥೆ ಚಾಲೂ ಆಗಬೇಕಾದರೆ ಕೋಶ ಹರಿಯಬೇಕು. ಕೋಶವನ್ನು ಕೊಂದು ತಿನ್ನುವ ಶಿಲೀಂಧ್ರಗಳ ಎದುರು, ಕಚ್ಚುವ ಹುಳುಗಳ ಎದುರು ಇದು ಚೆನ್ನಾಗಿ ನಡೆಯುತ್ತದೆ. ಕೋಶವನ್ನು ಜೀವಂತವಾಗಿಯೇ ಇಟ್ಟು ಮೆಲ್ಲನೆ ಹೀರುವ ತುಕ್ಕು ರೋಗದಂಥ ಶಿಲೀಂಧ್ರಗಳು ಈ ಎರಡು ಭಾಗಗಳನ್ನು ಬೆರೆಯಲು ಸುಲಭವಾಗಿ ಬಿಡುವುದಿಲ್ಲ.

ಬೇರುಮೂಲ:

ಎರಡನೆಯ ಅರ್ಧ ನನ್ನದು. ರೋಗಾಣು ಗೆಲ್ಲುವ ಬಗೆಗಳಲ್ಲಿ ಚೆನ್ನಾಗಿ ತಿಳಿದಿರುವುದು ವಿಷವನ್ನು ಒಡೆಯುವುದು. ಓಟ್ಸ್ ಬೇರಿನ ಕಥೆ ಇದಕ್ಕೆ ಅತ್ಯುತ್ತಮ. ಓಟ್ಸ್ ಬೇರಿನ ಹೊರಪದರದ ಕೋಶಗಳಲ್ಲಿ ಅವೆನಾಸಿನ್ ಎಂಬ ಸ್ಯಾಪೊನಿನ್ (ಸಕ್ಕರೆ ಘಟಕಗಳು ಜೋಡಿಕೊಂಡಿರುವ, ಸಾಬೂನಿನಂಥ ಗುಣದ ಅಣು) ಇರುತ್ತದೆ. ಅತಿನೇರಳೆ ಬೆಳಕು ಹಾಯಿಸಿದರೆ ಬೇರಿನ ತುದಿ ನೀಲಿಯಾಗಿ ಹೊಳೆಯುವುದು ಇದರಿಂದಲೇ. ಇದು ಶಿಲೀಂಧ್ರದ ಪೊರೆಯಲ್ಲಿರುವ ಸ್ಟಿರಾಲ್ ಎಂಬ ಕೊಬ್ಬಿನಂಥ ಅಣುಗಳಿಗೆ ಅಂಟಿಕೊಂಡು ಪೊರೆಯಲ್ಲಿ ತೂತು ಮಾಡುತ್ತದೆ. ಗೋಧಿಯ ಬೇರನ್ನು ಕೊಳೆಸುವ ಗೇಮನೋಮೈಸಿಸ್ ಗ್ರಾಮಿನಿಸ್ ಎಂಬ ಶಿಲೀಂಧ್ರದ ಸಾಮಾನ್ಯ ಬಗೆಗೆ ಓಟ್ಸ್ ಸಿಕ್ಕುವುದಿಲ್ಲ. ಆದರೆ ಅದೇ ಶಿಲೀಂಧ್ರದ ಇನ್ನೊಂದು ಬಗೆ ಓಟ್ಸ್‌ಗೂ ರೋಗ ತರುತ್ತದೆ, ಏಕೆಂದರೆ ಅದರ ಬಳಿ ಅವೆನಾಸಿನೇಸ್ ಎಂಬ ಕಿಣ್ವವಿದೆ. ಆ ಕಿಣ್ವ ಅವೆನಾಸಿನ್‌ನಿಂದ ಗ್ಲೂಕೋಸ್ ಘಟಕಗಳನ್ನು ಕಿತ್ತು ಅದರ ತೀಕ್ಷ್ಣತೆಯನ್ನು ಇಳಿಸುತ್ತದೆ.

ಆನ್ ಓಸ್‌ಬೋರ್ನ್ ಅವರ ತಂಡ 1995ರಲ್ಲಿ ಆ ಕಿಣ್ವದ ವಂಶವಾಹಿಯನ್ನು ಮಾತ್ರ ಕೆಡಿಸಿ ನೋಡಿತು. ಕಿಣ್ವ ಕಳೆದುಕೊಂಡ ಶಿಲೀಂಧ್ರ ಓಟ್ಸ್‌ಗೆ ರೋಗ ತರಲಾಗದೆ ಹೋಯಿತು, ಅವೆನಾಸಿನ್ ಇಲ್ಲದ ಗೋಧಿಯಲ್ಲಿ ಮಾತ್ರ ಮೊದಲಿನಷ್ಟೇ ರೋಗ ತಂದಿತು. ಬಳಿಕ 1999ರಲ್ಲಿ ಅದೇ ವಿಷಯವನ್ನು ಗಿಡದ ಕಡೆಯಿಂದ ಪರೀಕ್ಷಿಸಿದರು. ಅವೆನಾಸಿನ್ ತಯಾರಿಸಲಾಗದ, ಬೇರು ಹೊಳೆಯದ ಓಟ್ಸ್ ಸಸಿಗಳನ್ನು ಆರಿಸಿ ತೆಗೆದಾಗ ಅವು ಹಲವು ಶಿಲೀಂಧ್ರಗಳಿಗೆ ಬಲಿಯಾದವು. ಹೀಗೆ ಎರಡೂ ಕಡೆಯಿಂದ ಬಿಗಿಯಾದ ಸಾಕ್ಷ್ಯವಿರುವ ಉದಾಹರಣೆಗಳು ಈ ಕ್ಷೇತ್ರದಲ್ಲಿ ಹೆಚ್ಚಿಲ್ಲ. ಚಿಗುರೆಲೆ ಅವರು ತರಗತಿಯಲ್ಲಿ ಒಂದೇ ಒಂದು ಪ್ರಯೋಗ ಹೇಳುವುದಾದರೆ ಇದನ್ನೇ ಹೇಳಲಿ.

ಒಡೆಯುವುದೊಂದೇ ದಾರಿಯಲ್ಲ. ಟೊಮೆಟೊ ಎಲೆಯ ಆಲ್ಫಾ ಟೊಮೆಟಿನ್‌ನಿಂದ ಒಂದು ಗ್ಲೂಕೋಸ್ ಘಟಕವನ್ನು ಕೀಳುವ ಸೆಪ್ಟೋರಿಯ ಲೈಕೊಪರ್ಸಿಸಿ ಶಿಲೀಂಧ್ರಕ್ಕೆ ಇಮ್ಮಡಿ ಲಾಭ. ವಿಷದ ಬಲ ಕುಗ್ಗುವುದಲ್ಲದೆ, ಒಡೆದು ಉಳಿದ ತುಂಡುಗಳು ಗಿಡದ ಇತರ ರಕ್ಷಣಾ ಪ್ರತಿಕ್ರಿಯೆಗಳನ್ನೂ ಅಡಗಿಸುತ್ತವೆ. ಬೂದು ಬೂಷ್ಟಿನ ಬೊಟ್ರೈಟಿಸ್ ಒಳಬಂದ ವಿಷವನ್ನು ಪೊರೆಯಲ್ಲಿರುವ ಪಂಪುಗಳಿಂದ ಹೊರಕ್ಕೆ ತಳ್ಳುತ್ತದೆ. ಇನ್ನು ಫೈಟಾಫ್ಥೊರ ಮತ್ತು ಅದರ ಸಂಬಂಧಿ ರೋಗಾಣುವಾದ ಪಿಥಿಯಮ್‌ಗಳ ಪೊರೆಯಲ್ಲಿ ಸ್ಯಾಪೊನಿನ್‌ಗಳಿಗೆ ಅಂಟಿಕೊಳ್ಳಲು ಬೇಕಾದ ಸ್ಟಿರಾಲ್‌ಗಳೇ ಇಲ್ಲದಂತಿರುವುದರಿಂದ ಆ ಅಸ್ತ್ರ ಅವುಗಳ ಮೇಲೆ ನಾಟುವುದೇ ಇಲ್ಲ.

ಸಾಕ್ಷಿ_ಬೇಕು:

ಚರ್ಚೆ ಚೆನ್ನಾಗಿ ಸಾಗಿದೆ, ಆದರೂ ಒಂದು ಎಚ್ಚರಿಕೆ ಹೇಳದೆ ಇರಲಾರೆ. ಎಲೆಯ ರಸ ತೆಗೆದು, ಪೆಟ್ರಿ ತಟ್ಟೆಯ ಅಗಾರ್‌ಗೆ ಬೆರೆಸಿ, ಶಿಲೀಂಧ್ರದ ಬೆಳವಣಿಗೆ ಕುಗ್ಗಿತೆಂದು ತೋರಿಸುವ ವರದಿಗಳು ಲೆಕ್ಕವಿಲ್ಲದಷ್ಟಿವೆ. ಅಲ್ಲಿಂದ ನೇರವಾಗಿ ಗಿಡದ ರೋಗನಿರೋಧಕ್ಕೆ ಇದೇ ಕಾರಣ ಎಂದು ಜಿಗಿಯುವುದನ್ನು ನಾನು ಒಪ್ಪುವುದಿಲ್ಲ. ಪಾದರಸದ ಕ್ಲೋರೈಡ್, ತಾಮ್ರದ ಲವಣ, ಅತಿನೇರಳೆ ಕಿರಣ ತಾಗಿದರೂ ಗಿಡಗಳು ಫೈಟೊಅಲೆಕ್ಸಿನ್ ತಯಾರಿಸುತ್ತವೆ. ಅಂದರೆ ಸೋಂಕಿನ ಜಾಗದಲ್ಲಿ ಅದು ಸಿಕ್ಕಿತೆಂಬುದು ಕೋಶಕ್ಕೆ ಘಾಸಿಯಾದದ್ದರ ಗುರುತೂ ಆಗಿರಬಹುದು.

ಪ್ರಯೋಗಾಲಯಗಳಲ್ಲಿ ಹೆಚ್ಚಾಗಿ ಬಳಸುವ ಅರಾಬಿಡಾಪ್ಸಿಸ್ ಎಂಬ ಪುಟ್ಟ ಗಿಡದ ಕಾಮಲೆಕ್ಸಿನ್ ಎಂಬ ಫೈಟೊಅಲೆಕ್ಸಿನ್ ಅನ್ನೇ ನೋಡಿ. ಟ್ರಿಪ್ಟೊಫ್ಯಾನ್ ಎಂಬ ಅಮೈನೊ ಆಮ್ಲದಿಂದ ಅದನ್ನು ತಯಾರಿಸುವ ಸರಣಿಯ ಕೊನೆಯ ಹಂತಕ್ಕೆ ಬೇಕಾದ ಪಿಎಡಿ3 ಎಂಬ ವಂಶವಾಹಿ ಕೆಟ್ಟ ಸಸಿಗಳು ಆಲ್ಟರ್ನೇರಿಯ ಬ್ರಾಸಿಸಿಕೋಲ ಶಿಲೀಂಧ್ರಕ್ಕೆ ಸುಲಭದ ತುತ್ತಾಗುತ್ತವೆ. ಅದೇ ಸಸಿಗಳಲ್ಲಿ ಸೂಡೊಮೊನಾಸ್ ಸಿರಿಂಜೆ ಬ್ಯಾಕ್ಟೀರಿಯ ಮಾತ್ರ ಸಾಮಾನ್ಯ ಸಸಿಗಳಲ್ಲಿ ಬೆಳೆಯುವಷ್ಟೇ ಬೆಳೆಯುತ್ತದೆ. ಆ ಬ್ಯಾಕ್ಟೀರಿಯ ತಗಲಿದಾಗಲೂ ಗಿಡ ಕಾಮಲೆಕ್ಸಿನ್ ತಯಾರಿಸುತ್ತದೆ ಎಂಬುದನ್ನು ಗಮನಿಸಿ. ತಯಾರಿಸಿತು, ಆದರೆ ಪ್ರಯೋಜನವಾಗಲಿಲ್ಲ. ಹಾಗಾಗಿ 'ಈ ರಾಸಾಯನಿಕ ಗಿಡವನ್ನು ಕಾಪಾಡುತ್ತದೆ' ಎಂಬ ವಾಕ್ಯ ಯಾರಿಂದ ಕಾಪಾಡುತ್ತದೆ ಎಂದು ಹೇಳುವವರೆಗೂ ಅಪೂರ್ಣ.

ಇನ್ನೂ ಗಂಭೀರವಾದ ಉದಾಹರಣೆ ರಬ್ಬರ್ ಮರದ್ದು. ಅದರ ಎಲೆಯಲ್ಲಿ ಸಯನೈಡ್ ಬಿಡುಗಡೆ ಮಾಡುವ ಗ್ಲೈಕೊಸೈಡ್‌ಗಳಿವೆ. ಅಂಗಾಂಶ ಹಾಳಾದಾಗ ಹೈಡ್ರೊಜನ್ ಸಯನೈಡ್ ಹೊರಬರುತ್ತದೆ. ಇಂಥ ವಿಷವಿದ್ದರೆ ರೋಗ ಬರಲಾರದು ಎಂದು ಯಾರಾದರೂ ಊಹಿಸಬಹುದು. ಆದರೆ ದಕ್ಷಿಣ ಅಮೆರಿಕದ ಎಲೆ ಅಂಗಮಾರಿ ಶಿಲೀಂಧ್ರ ಸಯನೈಡನ್ನು ತಾಳಿಕೊಳ್ಳುತ್ತದೆ, ಗಿಡದ ಕೋಶಗಳು ತಾಳಿಕೊಳ್ಳುವುದಿಲ್ಲ. ಬಿಡುಗಡೆಯಾದ ಸಯನೈಡ್ ಗಿಡದ್ದೇ ಆದ ಸ್ಕೊಪೊಲೆಟಿನ್ ಎಂಬ ಫೈಟೊಅಲೆಕ್ಸಿನ್‌ನ ತಯಾರಿಕೆಯನ್ನು ತಗ್ಗಿಸುತ್ತದೆ. ಹೆಚ್ಚು ಸಯನೈಡ್ ಬಿಡುವ ಮರಗಳೇ ಆ ರೋಗಕ್ಕೆ ಹೆಚ್ಚು ತುತ್ತಾಗುವುದನ್ನು ಲೀಬರೈ ಎಂಬ ಸಂಶೋಧಕರು 1980ರ ದಶಕದಲ್ಲಿ ತೋರಿಸಿದರು. ಹುಳುಗಳ ವಿರುದ್ಧ ನೆರವಾಗಬಲ್ಲ ಅಸ್ತ್ರ ಈ ಶಿಲೀಂಧ್ರದ ಎದುರು ಗಿಡಕ್ಕೇ ತಿರುಗಿತು.

ಕೋಶದರ್ಶಿ:

ಸಾಕ್ಷಿ_ಬೇಕು ಅವರ ಎಚ್ಚರಿಕೆಯನ್ನು ಪೂರ್ತಿ ಒಪ್ಪುತ್ತೇನೆ. ಆದರೆ ಸಂಶಯವೇ ಕೊನೆಯ ಮಾತಾಗುವುದು ಬೇಡ. ಇನ್ನೊಂದು ಬಗೆಯ ಪುರಾವೆಯೂ ಇದೆ. ದ್ರಾಕ್ಷಿಯಲ್ಲಿ ರೆಸ್ವೆರಾಟ್ರಾಲ್ ಹುಟ್ಟಲು ಸ್ಟಿಲ್‌ಬೀನ್ ಸಿಂಥೇಸ್ ಎಂಬ ಕಿಣ್ವ ಬೇಕು. ತಂಬಾಕು ಗಿಡದಲ್ಲಿ ಆ ಕಿಣ್ವವಿಲ್ಲ, ಆದರೆ ಅದಕ್ಕೆ ಬೇಕಾದ ಕಚ್ಚಾವಸ್ತುಗಳಿವೆ. ದ್ರಾಕ್ಷಿಯ ವಂಶವಾಹಿಗಳನ್ನು ತಂಬಾಕಿಗೆ ಸೇರಿಸಿದಾಗ ಆ ಗಿಡ ಎಂದೂ ತಯಾರಿಸದಿದ್ದ ರೆಸ್ವೆರಾಟ್ರಾಲ್ ತಯಾರಿಸಿತು, ಬೊಟ್ರೈಟಿಸ್ ಸೋಂಕು ಅದರಲ್ಲಿ ಕಡಿಮೆಯಾಯಿತು. ಇದು ಪ್ರಕಟವಾದದ್ದು 1993ರಲ್ಲಿ. ತಂಬಾಕಿನ ಶಿಲೀಂಧ್ರಗಳು ಈ ಅಣುವನ್ನು ತಂಬಾಕಿನಲ್ಲಿ ಎದುರಿಸಿಯೇ ಇರಲಿಲ್ಲ ಎಂಬುದನ್ನು ನೆನಪಿಡಬೇಕು. ದ್ರಾಕ್ಷಿಯಲ್ಲಾದರೋ ರೆಸ್ವೆರಾಟ್ರಾಲ್ ಅಷ್ಟೇನೂ ತೀಕ್ಷ್ಣವಲ್ಲ. ಅದರಿಂದ ಮುಂದೆ ಹುಟ್ಟುವ ವಿನಿಫೆರಿನ್‌ಗಳು ಮತ್ತು ಟೆರೊಸ್ಟಿಲ್‌ಬೀನ್ ಹೆಚ್ಚು ಬಲವಾದವು. ರೆಸ್ವೆರಾಟ್ರಾಲ್ ಎಷ್ಟಿದೆ ಎಂದಷ್ಟೇ ಅಳೆದು ದ್ರಾಕ್ಷಿ ತಳಿಗಳನ್ನು ಹೋಲಿಸುವ ವರದಿಗಳನ್ನು ಇದೇ ಕಾರಣಕ್ಕೆ ಎಚ್ಚರದಿಂದ ಓದಬೇಕು.

ರಸಾಯನಿ:

ಇಲ್ಲಿಯವರೆಗೆ ಬಂದ ಹೆಸರುಗಳೆಲ್ಲ ಇಂಗಾಲದ ಸಂಕೀರ್ಣ ಅಣುಗಳು. ಹಾಗಾಗಿ ಕೋಕೊ ಗಿಡವನ್ನು ನೆನೆಯದೆ ಮುಂದೆ ಹೋಗಬಾರದು. ಸೊರಗು ರೋಗದ ವರ್ಟಿಸಿಲಿಯಮ್ ಡಾಲಿಯೆ ತಗಲಿದ ನಿರೋಧಕ ಕೋಕೊ ಗಿಡಗಳ ನೀರುಸಾಗಿಸುವ ನಾಳಗಳ ಗೋಡೆಯಲ್ಲಿ, ಶಿಲೀಂಧ್ರ ಹರಡುವ ದಾರಿಯಲ್ಲೇ, ಶುದ್ಧ ಗಂಧಕ ಶೇಖರವಾಗುವುದನ್ನು 1996ರಲ್ಲಿ ಕೂಪರ್ ಮತ್ತು ಸಂಗಡಿಗರು ಕಂಡುಹಿಡಿದರು. ಮನುಷ್ಯರು ಬಹಳ ಹಿಂದಿನಿಂದ ಬೆಳೆಗೆ ಎರಚುತ್ತಾ ಬಂದ ಶಿಲೀಂಧ್ರನಾಶಕವನ್ನೇ ಗಿಡ ತನ್ನೊಳಗೆ, ಬೇಕಾದ ಕೋಶಗಳಲ್ಲಿ ಮಾತ್ರ ತಯಾರಿಸಿಕೊಳ್ಳುತ್ತದೆ ಎಂಬುದು ಎಷ್ಟು ಸಲ ಓದಿದರೂ ನನಗೆ ಹೊಸದಾಗಿಯೇ ಕಾಣುತ್ತದೆ.

ಇನ್ನೊಂದು ಮಾತನ್ನು ಪಾಠದಲ್ಲಿ ದಯವಿಟ್ಟು ಸೇರಿಸಿ. ಗಿಡದ ಸ್ವಂತ ರಕ್ಷಣಾ ರಾಸಾಯನಿಕ ಎಂದ ಮಾತ್ರಕ್ಕೆ ತಿನ್ನುವವರಿಗೆ ಅದು ನಿರಪಾಯಕಾರಿ ಎಂದಾಗುವುದಿಲ್ಲ. ಅಮೆರಿಕದಲ್ಲಿ ಲೆನಾಪೆ ಎಂಬ ಆಲೂಗಡ್ಡೆ ತಳಿಯನ್ನು 1967ರಲ್ಲಿ ಬಿಡುಗಡೆ ಮಾಡಿ 1970ರಲ್ಲಿ ಹಿಂತೆಗೆದುಕೊಳ್ಳಬೇಕಾಯಿತು, ಏಕೆಂದರೆ ಅದರಲ್ಲಿ ಸೊಲನಿನ್, ಚಾಕೊನಿನ್‌ಗಳಂಥ ಗ್ಲೈಕೊಆಲ್ಕಲಾಯ್ಡ್‌ಗಳು ಮಿತಿಮೀರಿದ್ದವು. ಒಂದು ಕಿಲೋ ಹಸಿ ಗಡ್ಡೆಗೆ 200 ಮಿಲಿಗ್ರಾಂ ಎಂಬುದು ಸಾಮಾನ್ಯವಾಗಿ ಒಪ್ಪಿಕೊಂಡಿರುವ ಮಿತಿ. ಬೆಳಕಿಗೆ ಬಿದ್ದ, ಪೆಟ್ಟಾದ ಗಡ್ಡೆಗಳಲ್ಲಿ ಇವು ಏರುತ್ತವೆ, ಬೇಯಿಸಿದರೂ ಹೋಗುವುದಿಲ್ಲ. ಸ್ಕ್ಲೆರೊಟಿನಿಯ ಕೊಳೆ ತಗಲಿದ ಸೆಲರಿಯಲ್ಲಿ ಫ್ಯೂರನೊಕೌಮರಿನ್‌ಗಳು ಹೆಚ್ಚಿ, ಅದನ್ನು ಕೀಳುವವರ ಕೈಗಳು ಬಿಸಿಲಿಗೆ ಬೊಬ್ಬೆ ಎದ್ದಿರುವ ದಾಖಲೆಗಳಿವೆ. ಬೂಷ್ಟು ಹಿಡಿದ ಸಿಹಿಗೆಣಸು ತಿಂದ ದನಗಳಿಗೆ ಶ್ವಾಸಕೋಶದಲ್ಲಿ ನೀರು ತುಂಬಿ ಸಾವು ಬಂದದ್ದೂ ಉಂಟು. ಅಲ್ಲಿ ಗೆಣಸು ತನ್ನ ರಕ್ಷಣೆಗೆ ತಯಾರಿಸಿದ ಅಣುವನ್ನು ಶಿಲೀಂಧ್ರ ಬದಲಿಸಿ 4-ಇಪೊಮಿಯನಾಲ್ ಎಂಬ ಇನ್ನೂ ಕೆಟ್ಟ ವಿಷ ಮಾಡಿರುತ್ತದೆ.

ಚಿಗುರೆಲೆ:

ಇಷ್ಟೊಂದು ಸಿಗುತ್ತದೆಂದು ಎಣಿಸಿರಲಿಲ್ಲ. ಇನ್ನೆರಡು ಸಂದೇಹಗಳನ್ನು ಕೇಳಿ ನಿಲ್ಲಿಸುತ್ತೇನೆ. ಸ್ಯಾಲಿಸಿಲಿಕ್ ಆಮ್ಲವನ್ನೂ ಸಸ್ಯರಕ್ಷಣೆಯ ರಾಸಾಯನಿಕ ಎನ್ನುತ್ತಾರಲ್ಲ, ಅದು ರೋಗಾಣುವನ್ನು ಕೊಲ್ಲುತ್ತದೆಯೇ? ಮತ್ತೆ, ಬಟಾಣಿಯ ಪಿಸಾಟಿನ್ ಕಥೆ ಆರಂಭದಲ್ಲೇ ನಿಂತುಹೋಯಿತು. ಅದು ಬಟಾಣಿಯನ್ನು ನಿಜವಾಗಿ ಕಾಪಾಡುತ್ತದೆ ಎಂದು ಓಟ್ಸ್‌ನಲ್ಲಿ ತೋರಿಸಿದಂತೆ ತೋರಿಸಿದ್ದಾರೆಯೇ?

ಸಾಕ್ಷಿ_ಬೇಕು:

ಸ್ಯಾಲಿಸಿಲಿಕ್ ಆಮ್ಲ ಮುಖ್ಯವಾಗಿ ಸಂದೇಶದ ಅಣು. ಅದು ರೋಗಾಣುವನ್ನು ಕೊಲ್ಲುವುದಕ್ಕಿಂತ ಗಿಡದ ರಕ್ಷಣಾ ವಂಶವಾಹಿಗಳನ್ನು ಎಚ್ಚರಿಸುತ್ತದೆ. ತಂಬಾಕಿನ ಕೆಲವು ಎಲೆಗಳಿಗೆ ಮೊಸಾಯಿಕ್ ನಂಜಿನ ಸೋಂಕು ತಗಲಿಸಿದರೆ ಸೋಂಕು ತಗಲದ ಬೇರೆ ಎಲೆಗಳೂ ಮುಂದಿನ ದಾಳಿಯನ್ನು ಉತ್ತಮವಾಗಿ ತಡೆಯುತ್ತವೆ ಎಂದು ಫ್ರಾಂಕ್ ರಾಸ್ 1961ರಲ್ಲಿ ತೋರಿಸಿದ್ದರು. ತಂಬಾಕಿಗೆ ಸ್ಯಾಲಿಸಿಲಿಕ್ ಆಮ್ಲದ ರೂಪಾಂತರವಾದ ಆಸ್ಪಿರಿನ್‌ನ ದ್ರಾವಣ ಕೊಟ್ಟರೂ ಅದೇ ಪರಿಣಾಮ ಬರುತ್ತದೆ ಎಂದು ವೈಟ್ 1979ರಲ್ಲಿ ಕಂಡರು. ಸೋಂಕು ತಗಲಿದ ಗಿಡದಲ್ಲಿ ಸ್ಯಾಲಿಸಿಲಿಕ್ ಆಮ್ಲ ತಾನಾಗಿಯೇ ಏರುತ್ತದೆ ಎಂಬುದು 1990ರಲ್ಲಿ ಗೊತ್ತಾಯಿತು. ಆ ಆಮ್ಲವನ್ನು ಒಡೆಯುವ ಬ್ಯಾಕ್ಟೀರಿಯದ ವಂಶವಾಹಿಯನ್ನು ಸೇರಿಸಿದ ತಂಬಾಕು ಗಿಡಗಳು 1993ರಲ್ಲಿ ಆ ವ್ಯಾಪಕ ನಿರೋಧಶಕ್ತಿಯನ್ನು ಕಳೆದುಕೊಂಡವು. ಹೀಗಾಗಿ ಇದನ್ನು ಪಿಸಾಟಿನ್, ಅವೆನಾಸಿನ್‌ಗಳ ಸಾಲಿನಲ್ಲಿ ಕೂರಿಸಬೇಡಿ.

ಬೇರುಮೂಲ:

ಪಿಸಾಟಿನ್ ಬಗ್ಗೆ ಕೇಳಿದ್ದು ಸಂತೋಷ, ಏಕೆಂದರೆ ಅದರ ಉತ್ತರ ಸಿಗಲು ಅರ್ಧ ಶತಮಾನ ಹಿಡಿಯಿತು. ಬಟಾಣಿಗೆ ರೋಗ ತರುವ ನೆಕ್ಟ್ರಿಯ ಹೀಮಟೊಕೊಕ್ಕ ಶಿಲೀಂಧ್ರಕ್ಕೆ ಪಿಸಾಟಿನ್‌ನಿಂದ ಒಂದು ಮಿಥೈಲ್ ಗುಂಪನ್ನು ಕಿತ್ತುಹಾಕುವ ಪಿಸಾಟಿನ್ ಡಿಮೆಥೈಲೇಸ್ ಎಂಬ ಕಿಣ್ವವಿದೆ ಎಂಬುದನ್ನು ಹಾನ್ಸ್ ವಾನೆಟನ್ ಮತ್ತು ಅವರ ಸಹೋದ್ಯೋಗಿಗಳು ದೀರ್ಘಕಾಲ ಅಭ್ಯಸಿಸಿದರು. ಆ ಕಿಣ್ವದ ವಂಶವಾಹಿ ಇರುವ ವರ್ಣತಂತು ಕೂಡ ವಿಶೇಷದ್ದು: ಅದಿಲ್ಲದೆಯೂ ಶಿಲೀಂಧ್ರ ತಟ್ಟೆಯಲ್ಲಿ ಸಹಜವಾಗಿಯೇ ಬೆಳೆಯುತ್ತದೆ. ಓಟ್ಸ್‌ನಂತೆಯೇ ಇಲ್ಲಿಯೂ ಕಿಣ್ವದ ವಂಶವಾಹಿಯನ್ನು ತೆಗೆದರೆ ರೋಗ ನಿಂತುಹೋಗಬೇಕೆಂಬ ನಿರೀಕ್ಷೆಯಿತ್ತು. ತೆಗೆದು ನೋಡಿದಾಗ ರೋಗದ ತೀವ್ರತೆ ಸ್ವಲ್ಪ ಇಳಿಯಿತೇ ಹೊರತು ನಿಲ್ಲಲಿಲ್ಲ. ಪಿಸಾಟಿನ್‌ಗೆ ಅಂಥ ಮಹತ್ವವಿಲ್ಲವೇನೋ ಎಂಬ ವಾದಕ್ಕೆ ಅದರಿಂದ ಬಲ ಬಂದಿತ್ತು.

ಬಳಿಕ ಗಿಡದ ಕಡೆಯಿಂದ ಪ್ರಯತ್ನ ನಡೆಯಿತು. ಬಟಾಣಿ ಬೇರುಗಳು ಪಿಸಾಟಿನ್ ತಯಾರಿಸುವ ಸಾಮರ್ಥ್ಯವನ್ನು ತಗ್ಗಿಸಿದಾಗ ಅವು ಆ ಶಿಲೀಂಧ್ರಕ್ಕೆ ಹೆಚ್ಚು ಸುಲಭವಾಗಿ ಸೋತವು. ಇದು 2004ರ ಫಲಿತಾಂಶ. ಅಂದರೆ ಪಿಸಾಟಿನ್ ಕೆಲಸ ಮಾಡುತ್ತಿತ್ತು, ಆದರೆ ಕಿಣ್ವವಿಲ್ಲದ ಶಿಲೀಂಧ್ರಕ್ಕೂ ಅದನ್ನು ತಾಳಿಕೊಳ್ಳುವ ಬೇರೊಂದು ದಾರಿ ಇರಲೇಬೇಕಿತ್ತು. ಆ ದಾರಿ ಪಿಸಾಟಿನ್ ಅನ್ನು ಕೋಶದಿಂದ ಹೊರದೂಡುವ ಒಂದು ಪಂಪು ಎಂದು 2011ರಲ್ಲಿ ಪ್ರಕಟವಾಯಿತು. ಪಂಪನ್ನು ಮಾತ್ರ ತೆಗೆದ ಶಿಲೀಂಧ್ರದ ಬಲ ಕುಗ್ಗಿತು. ಪಂಪು ಮತ್ತು ಕಿಣ್ವ ಎರಡನ್ನೂ ತೆಗೆದಾಗ ಶಿಲೀಂಧ್ರ ಪಿಸಾಟಿನ್‌ಗೆ ತೀರಾ ಸೂಕ್ಷ್ಮವಾಗಿ, ಬಟಾಣಿಯಲ್ಲಿ ರೋಗ ಉಂಟುಮಾಡುವ ಶಕ್ತಿಯನ್ನು ಬಹುತೇಕ ಪೂರ್ಣವಾಗಿ ಕಳೆದುಕೊಂಡಿತು.